ಹೈಡ್ರೇಂಜಿಯದ ಎಲೆ ಮತ್ತು ಹೂವಿನ ತೊಂದರೆಗಳು: ಗುರುತಿಸುವ ಬಗೆ, ಸರಿಪಡಿಸುವ ದಾರಿ

ಕೊಡಗು, ಚಿಕ್ಕಮಗಳೂರು ಮತ್ತು ನೀಲಗಿರಿಯ ಹಳೆಯ ತೋಟದ ಮನೆಗಳ ಮುಂದೆ ಮಳೆಗಾಲದ ಹೊತ್ತಿಗೆ ಮೈತುಂಬ ನೀಲಿ ಗೊಂಚಲು ಬಿಡುವ ಹೈಡ್ರೇಂಜಿಯ, ಅಲ್ಲಿ ಹೆಚ್ಚಿನ ಆರೈಕೆಯನ್ನು ಬೇಡುವ ಗಿಡವಲ್ಲ. ಅದೇ ಗಿಡ ಬೆಂಗಳೂರು, ಮೈಸೂರು ಅಥವಾ ಹುಬ್ಬಳ್ಳಿಯ ಅಂಗಳಕ್ಕೆ, ಬಾಲ್ಕನಿಯ ಕುಂಡಕ್ಕೆ ಬಂದ ಕೂಡಲೇ ಎಲೆ ಹಳದಿಯಾಗುತ್ತದೆ, ಅಂಚು ಸುಡುತ್ತದೆ, ನರ್ಸರಿಯಿಂದ ತಂದಾಗ ಇದ್ದ ಹೂ ಮುಗಿದ ಮೇಲೆ ಮತ್ತೆ ಹೂವೇ ಬರುವುದಿಲ್ಲ. ಆಗ ಹೆಚ್ಚಿನವರು ಮಾಡುವ ಮೊದಲ ಕೆಲಸವೆಂದರೆ ಔಷಧಿ ಅಂಗಡಿಗೆ ಹೋಗಿ ಯಾವುದೋ ಒಂದು ಶಿಲೀಂಧ್ರನಾಶಕವನ್ನು ತಂದು ಸಿಂಪಡಿಸುವುದು. ಈ ಗಿಡದ ತೊಂದರೆಗಳಲ್ಲಿ ನಿಜವಾದ ರೋಗಗಳ ಪಾಲು ಕಡಿಮೆ. ನೀರು, ಬಿಸಿಲು, ಸುಣ್ಣ ಮತ್ತು ತಪ್ಪು ಕಾಲದ ಕತ್ತರಿ, ಈ ನಾಲ್ಕರ ಪಾಲೇ ದೊಡ್ಡದು. ಆದ್ದರಿಂದ ಸಿಂಪಡಿಸುವ ಮೊದಲು ಗಿಡವನ್ನು ನಿಧಾನವಾಗಿ ಓದಿಕೊಳ್ಳುವುದು ಅಗತ್ಯ.

ನಮ್ಮಲ್ಲಿ ಸಾಮಾನ್ಯವಾಗಿ ಬೆಳೆಯುವ ಜಾತಿ ಹೈಡ್ರೇಂಜಿಯ ಮ್ಯಾಕ್ರೋಫಿಲ್ಲಾ. ಅದರ ಮೂಲ ನೆಲೆ ಜಪಾನ್. ತೇವದ ಗಾಳಿ, ಹುಳಿ ಮಣ್ಣು, ತಂಪಾದ ರಾತ್ರಿ ಅದಕ್ಕೆ ಒಗ್ಗಿದ ಪರಿಸರ. ಅಂಗೈಯಗಲದ ಎಲೆಗಳಿಂದ ಅದು ಬಹಳಷ್ಟು ನೀರನ್ನು ಆವಿಯಾಗಿ ಬಿಡುತ್ತದೆ. ಬೇರುಗಳು ಮಾತ್ರ ನವಿರಾಗಿದ್ದು ಮಣ್ಣಿನ ಮೇಲ್ಪದರದಲ್ಲೇ ಹರಡಿಕೊಂಡಿರುತ್ತವೆ. ಮುಂದೆ ಹೇಳುವ ತೊಂದರೆಗಳಲ್ಲಿ ಅರ್ಧದಷ್ಟು ಈ ಒಂದು ಅಸಮತೋಲನದಿಂದಲೇ ಹುಟ್ಟುವಂಥವು.

ಮೊದಲು ನೋಡಬೇಕಾದದ್ದು: ಯಾವ ಎಲೆ, ಯಾವ ಪಕ್ಕ

ಎಲೆಯ ಮೇಲಿನ ಗುರುತಿಗಿಂತ, ಅದು ಗಿಡದ ಯಾವ ಭಾಗದಲ್ಲಿ ಮೊದಲು ಕಾಣಿಸಿಕೊಂಡಿತು ಎಂಬುದು ಹೆಚ್ಚಿನದನ್ನು ಹೇಳುತ್ತದೆ. ತುದಿಯ ಎಳೆ ಎಲೆಗಳು ಹಳದಿಯಾಗಿ ನರಗಳು ಮಾತ್ರ ಹಸಿರಾಗಿ ಉಳಿದಿದ್ದರೆ ಅದು ಕಬ್ಬಿಣದ ಕೊರತೆ. ಬುಡದ ಹಳೆಯ ಎಲೆಗಳು ಒಂದೇ ಸಮನೆ ಹಳದಿಯಾಗುತ್ತಿದ್ದರೆ ಸಾರಜನಕದ ಕೊರತೆ ಅಥವಾ ಬೇರಿಗೆ ಉಸಿರುಕಟ್ಟಿರುವುದು ಕಾರಣ. ಹಳೆಯ ಎಲೆಗಳಲ್ಲೇ ನರಗಳ ನಡುವೆ ಹಳದಿ ಬಂದರೆ ಮೆಗ್ನೀಸಿಯಂ ಸಾಲದಾಗಿದೆ ಎಂದು ತಿಳಿಯಬೇಕು. ಚುಕ್ಕೆಗಳು ನೆಲಕ್ಕೆ ಹತ್ತಿರದ ಎಲೆಗಳಲ್ಲಿ ಶುರುವಾಗಿ ಮೇಲಕ್ಕೆ ಏರುತ್ತಿದ್ದರೆ ಅದು ಮಳೆಹನಿಯ ಸಿಡಿತದಿಂದ ಹರಡುವ ರೋಗ. ಪಶ್ಚಿಮಕ್ಕೆ ಮುಖ ಮಾಡಿದ ಎಲೆಗಳು ಮಾತ್ರ ಕಂದಾಗಿ, ಗಿಡದ ಇನ್ನೊಂದು ಪಕ್ಕ ಹಸಿರಾಗಿದ್ದರೆ ಅದು ಬಿಸಿಲಿನ ಸುಡುವಿಕೆ. ಯಾವ ರೋಗವೂ ದಿಕ್ಕು ನೋಡಿ ಬರುವುದಿಲ್ಲ.

ಎಲೆಯನ್ನು ಮಗುಚಿ ನೋಡುವುದನ್ನೂ ಮರೆಯಬಾರದು. ಒಂದು ಬಿಳಿ ಹಾಳೆಯನ್ನು ಎಲೆಯ ಕೆಳಗೆ ಹಿಡಿದು ಎಲೆಯನ್ನು ಬೆರಳಿನಿಂದ ತಟ್ಟಿದಾಗ, ಹಾಳೆಯ ಮೇಲೆ ಬಿದ್ದ ಧೂಳಿನಂಥ ಕಣಗಳು ಕೆಲವು ಕ್ಷಣಗಳಲ್ಲಿ ಹರಿದಾಡಲು ತೊಡಗಿದರೆ ಅವು ನುಸಿಗಳು. ಚಲಿಸದಿದ್ದರೆ ಅದು ಧೂಳೇ. ಇಷ್ಟು ಸರಳವಾದ ಪರೀಕ್ಷೆಯಿಂದ ಅನಗತ್ಯವಾದ ಸಿಂಪಡಣೆ ಎಷ್ಟೋ ತಪ್ಪುತ್ತದೆ.

ನಡುಹಗಲಿನ ಬಾಡುವಿಕೆ ಮತ್ತು ಸುಟ್ಟ ಅಂಚುಗಳು

ಮಾರ್ಚಿನಿಂದ ಮೇ ತಿಂಗಳವರೆಗೆ ಹೈಡ್ರೇಂಜಿಯದ ಎಲೆಗಳು ಮಧ್ಯಾಹ್ನ ಜೋತುಬೀಳುವುದು ಸಾಮಾನ್ಯ. ಬೇರು ಹೀರಿಕೊಳ್ಳುವುದಕ್ಕಿಂತ ವೇಗವಾಗಿ ಎಲೆಯಿಂದ ನೀರು ಹೋಗುತ್ತಿರುವುದರಿಂದ ಹೀಗಾಗುತ್ತದೆ, ಸಂಜೆ ತಂಪಾದ ಮೇಲೆ ಎಲೆಗಳು ತಾವಾಗಿಯೇ ನೆಟ್ಟಗಾಗುತ್ತವೆ. ಇಲ್ಲಿ ನಡೆಯುವ ದೊಡ್ಡ ತಪ್ಪು ಎಂದರೆ, ಬಾಡಿದ ಎಲೆ ಕಂಡ ಕೂಡಲೇ ಮತ್ತಷ್ಟು ನೀರು ಸುರಿಯುವುದು. ಮೊದಲು ಬೆರಳನ್ನು ಮಣ್ಣಿನೊಳಗೆ ಎರಡು ಅಂಗುಲದಷ್ಟು ಇಳಿಸಿ ನೋಡಬೇಕು. ಮಣ್ಣು ಒಣಗಿದ್ದರೆ ಬುಡಕ್ಕೆ ನಿಧಾನವಾಗಿ, ಕುಂಡದ ತಳದಿಂದ ಹೊರಬರುವವರೆಗೆ ನೀರು ಕೊಡಬೇಕು. ಮಣ್ಣು ತೇವವಾಗಿದ್ದರೆ ಸುಮ್ಮನೆ ಸಂಜೆಯವರೆಗೆ ಕಾಯಬೇಕು. ಮಣ್ಣು ತೇವವಾಗಿದ್ದೂ ಮರುದಿನ ಬೆಳಿಗ್ಗೆಯೂ ಎಲೆಗಳು ಬಾಡಿಯೇ ಇದ್ದರೆ ಅದು ನೀರಿನ ಕೊರತೆಯಲ್ಲ, ಬೇರು ಕೊಳೆಯುತ್ತಿರುವುದರ ಸೂಚನೆ; ಅದನ್ನು ಕೊನೆಯಲ್ಲಿ ವಿವರಿಸಿದ್ದೇನೆ.

ಎಲೆಯ ಅಂಚುಗಳು ಕಂದಾಗಿ, ಒಣಗಿ, ಮುಟ್ಟಿದರೆ ಪುಡಿಯಾಗುವಂತಾಗುವುದಕ್ಕೆ ಮೂರು ಕಾರಣಗಳಿವೆ. ಮೊದಲನೆಯದು ಪಡುವಣ ಬಿಸಿಲು. ಬಯಲುಸೀಮೆಯಲ್ಲಿ ಈ ಗಿಡಕ್ಕೆ ಬೆಳಗಿನ ಮೂರು ನಾಲ್ಕು ಗಂಟೆಗಳ ಎಳೆಬಿಸಿಲು ಸಾಕು. ಹನ್ನೊಂದು ಗಂಟೆಯ ನಂತರ ಅದರ ಮೇಲೆ ನೆರಳು ಬರಬೇಕು. ಪೂರ್ವ ಅಥವಾ ಉತ್ತರ ದಿಕ್ಕಿನ ಅಂಗಳ ಅತ್ಯುತ್ತಮ. ಮಡಿಕೇರಿ, ಊಟಿಯಂಥ ಕಡೆ ಅರ್ಧ ದಿನದ ಬಿಸಿಲನ್ನೂ ಅದು ತಡೆದುಕೊಳ್ಳುತ್ತದೆ. ಎರಡನೆಯದು ಬಿಸಿಗಾಳಿ, ಎತ್ತರದ ಮಹಡಿಯ ಬಾಲ್ಕನಿಗಳಲ್ಲಿ ನೆರಳಿದ್ದರೂ ಎಲೆ ಸುಡುವುದಕ್ಕೆ ಇದೇ ಕಾರಣವಾಗಿರುತ್ತದೆ. ಕುಂಡವನ್ನು ಇತರ ಗಿಡಗಳ ಗುಂಪಿನ ಮಧ್ಯದಲ್ಲಿಟ್ಟರೆ ಸುತ್ತಲಿನ ಗಾಳಿ ತೇವವಾಗಿರುತ್ತದೆ. ಮೂರನೆಯದು ಗೊಬ್ಬರದ ಲವಣ. ಕುಂಡದ ಅಂಚಿನಲ್ಲಿ ಅಥವಾ ಮಣ್ಣಿನ ಮೇಲೆ ಬಿಳಿಯ ಪೊರೆ ಕಟ್ಟಿಕೊಂಡಿದ್ದರೆ ಇದನ್ನು ಅನುಮಾನಿಸಬೇಕು. ಕುಂಡದ ಗಾತ್ರದ ಎರಡು ಮೂರು ಪಟ್ಟು ಒಳ್ಳೆಯ ನೀರನ್ನು ನಿಧಾನವಾಗಿ ಹಾಯಿಸಿ ಲವಣವನ್ನು ತೊಳೆದುಹಾಕಿ, ಅನಂತರ ಒಂದೆರಡು ತಿಂಗಳು ರಾಸಾಯನಿಕ ಗೊಬ್ಬರವನ್ನು ಮುಟ್ಟದಿರುವುದು ಕ್ಷೇಮ.

ಈ ಮೂರಕ್ಕೂ ಒಟ್ಟಾಗಿ ನೆರವಾಗುವುದು ಬುಡದ ಹೊದಿಕೆ. ಒಣಗಿದ ತರಗೆಲೆ, ಕಾಫಿ ಸಿಪ್ಪೆಯ ಕಳಿತ ಗೊಬ್ಬರ ಅಥವಾ ತೆಂಗಿನ ನಾರನ್ನು ಎರಡು ಮೂರು ಅಂಗುಲ ದಪ್ಪಕ್ಕೆ ಹರಡಿ, ಕಾಂಡದ ಸುತ್ತ ಮಾತ್ರ ನಾಲ್ಕು ಬೆರಳಿನಷ್ಟು ಜಾಗವನ್ನು ತೆರವಾಗಿ ಬಿಡಬೇಕು. ಒಮ್ಮೆ ಸುಟ್ಟ ಅಂಚು ಮತ್ತೆ ಹಸಿರಾಗುವುದಿಲ್ಲವಾದರೂ ಅಂಥ ಎಲೆಗಳನ್ನೆಲ್ಲ ಕಿತ್ತುಹಾಕಬಾರದು. ಉಳಿದ ಹಸಿರು ಭಾಗ ಗಿಡಕ್ಕೆ ಆಹಾರವನ್ನು ತಯಾರಿಸುತ್ತಲೇ ಇರುತ್ತದೆ.

ಹಸಿರು ನರ, ಹಳದಿ ಎಲೆ

ಬೆಂಗಳೂರಿನ ಹೈಡ್ರೇಂಜಿಯಗಳಲ್ಲಿ ಅತಿ ಹೆಚ್ಚಾಗಿ ಕಾಣುವ ತೊಂದರೆ ಇದು. ಇದರ ಮೂಲ ಗೊಬ್ಬರದಲ್ಲಿಲ್ಲ, ನಲ್ಲಿಯಲ್ಲಿದೆ. ಕೊಳವೆ ಬಾವಿಯ ಗಡಸು ನೀರಿನಲ್ಲಿ ಕರಗಿರುವ ಬೈಕಾರ್ಬನೇಟ್ ತಿಂಗಳುಗಟ್ಟಲೆ ಸೇರುತ್ತ ಹೋದಂತೆ ಮಣ್ಣಿನ ರಸಸಾರ (ಹುಳಿ, ಕ್ಷಾರವನ್ನು ಅಳೆಯುವ ಪಿಎಚ್ ಮಟ್ಟ) ಏರುತ್ತದೆ. ರಸಸಾರ 6.5ರ ಮೇಲೆ ಹೋದಂತೆಲ್ಲ ಮಣ್ಣಿನಲ್ಲಿ ಕಬ್ಬಿಣವಿದ್ದರೂ ಅದು ಬೇರು ಹೀರಲಾರದ ರೂಪಕ್ಕೆ ತಿರುಗುತ್ತದೆ. ಕಬ್ಬಿಣ ಗಿಡದೊಳಗೆ ಹಳೆಯ ಎಲೆಯಿಂದ ಹೊಸ ಎಲೆಗೆ ಸುಲಭವಾಗಿ ಸಾಗುವುದಿಲ್ಲವಾದ್ದರಿಂದ ಕೊರತೆ ಮೊದಲು ಎಳೆ ಎಲೆಯಲ್ಲೇ ಕಾಣುತ್ತದೆ. ತೀವ್ರವಾದಾಗ ತುದಿಯ ಎಲೆಗಳು ಬಹುತೇಕ ಬಿಳುಚಿ, ಅಂಚಿನಿಂದ ಒಣಗತೊಡಗುತ್ತವೆ.

ತಕ್ಷಣದ ಪರಿಹಾರವಾಗಿ ಕೀಲೇಟ್ ರೂಪದ, ಅಂದರೆ ಗಿಡ ಸುಲಭವಾಗಿ ಹೀರಿಕೊಳ್ಳುವಂತೆ ಸಿದ್ಧಪಡಿಸಿದ ಕಬ್ಬಿಣವನ್ನು ಲೀಟರಿಗೆ ಅರ್ಧದಿಂದ ಒಂದು ಗ್ರಾಂನಂತೆ ಕರಗಿಸಿ, ಸಂಜೆಯ ಹೊತ್ತು ಎಲೆಗಳ ಎರಡೂ ಬದಿಗೆ ಸಿಂಪಡಿಸಿ, ಎರಡು ವಾರದ ನಂತರ ಮತ್ತೊಮ್ಮೆ ಸಿಂಪಡಿಸಬೇಕು. ಮಣ್ಣಿಗೇ ಹಾಕುವುದಾದರೆ ಒಂದು ವಿಷಯವನ್ನು ಗಮನಿಸಬೇಕು: ಅಂಗಡಿಗಳಲ್ಲಿ ಸುಲಭವಾಗಿ ಸಿಗುವ ಇಡಿಟಿಎ ಕಬ್ಬಿಣ ರಸಸಾರ ಸುಮಾರು 6.5 ದಾಟಿದ ಮಣ್ಣಿನಲ್ಲಿ ಕೆಲಸ ಮಾಡುವುದಿಲ್ಲ; ಅಂಥಲ್ಲಿ ಇಡಿಡಿಎಚ್‌ಎ ಕಬ್ಬಿಣವನ್ನೇ ಕೇಳಿ ತರಬೇಕು. ಅದರ ಬೆಲೆ ಹೆಚ್ಚು, ಆದರೆ ಒಂದೆರಡು ಕುಂಡಗಳಿಗೆ ಬೇಕಾಗುವ ಪ್ರಮಾಣ ಅತ್ಯಲ್ಪ.

ಇವೆಲ್ಲ ತಾತ್ಕಾಲಿಕ. ಶಾಶ್ವತ ಪರಿಹಾರ ಮಳೆನೀರು. ಮಳೆಗಾಲದಲ್ಲಿ ಕುಂಡವನ್ನು ಸೂರಿನಡಿಯಿಂದ ಹೊರಗಿಟ್ಟರೆ ಕೂಡಿಕೊಂಡ ಲವಣ ತಾನಾಗಿಯೇ ತೊಳೆದುಹೋಗುತ್ತದೆ. ಡ್ರಮ್ಮಿನಲ್ಲಿ ಹಿಡಿದಿಟ್ಟ ಮಳೆನೀರನ್ನು ಅನಂತರವೂ ಬಳಸಬಹುದು. ಕುಂಡ ತುಂಬುವಾಗ ಸಿಮೆಂಟ್ ಚೂರು, ಗೋಡೆಯ ಗಾರೆ, ಬೂದಿ, ಮೊಟ್ಟೆಯ ಸಿಪ್ಪೆ ಸೇರದಂತೆ ನೋಡಿಕೊಳ್ಳಬೇಕು. ಮನೆಮದ್ದೆಂದು ಬೂದಿ ಮತ್ತು ಮೊಟ್ಟೆಸಿಪ್ಪೆಯನ್ನು ಎಲ್ಲ ಗಿಡಕ್ಕೂ ಹಾಕುವ ರೂಢಿ ನಮ್ಮಲ್ಲಿದೆ, ಆದರೆ ಬೂದಿ ಕ್ಷಾರ, ಮೊಟ್ಟೆಯ ಸಿಪ್ಪೆ ಸುಣ್ಣದಂಶ. ಈ ಗಿಡಕ್ಕೆ ಎರಡೂ ಬೇಡ. ಮಣ್ಣಿನ ರಸಸಾರವನ್ನು ಊಹಿಸುವುದರ ಬದಲು ಹತ್ತಿರದ ಕೃಷಿ ವಿಜ್ಞಾನ ಕೇಂದ್ರದಲ್ಲಿ ಪರೀಕ್ಷೆ ಮಾಡಿಸುವುದು ಒಳ್ಳೆಯದು.

ಮೆಗ್ನೀಸಿಯಂ ಕೊರತೆಗೆ ಎಪ್ಸಮ್ ಲವಣವನ್ನು ಲೀಟರಿಗೆ ಒಂದು ಟೀ ಚಮಚದಂತೆ ಕರಗಿಸಿ ತಿಂಗಳಿಗೊಮ್ಮೆ ಕೊಟ್ಟರೆ ಸಾಕು. ಸಾರಜನಕದ ಕೊರತೆಗೆ ಚೆನ್ನಾಗಿ ಕಳಿತ ಕೊಟ್ಟಿಗೆ ಗೊಬ್ಬರ ಅಥವಾ ಎರೆಗೊಬ್ಬರವೇ ಸಾಕಾಗುತ್ತದೆ. ಇನ್ನು ಡಿಸೆಂಬರ್, ಜನವರಿಯಲ್ಲಿ ಮಲೆನಾಡಿನ ಗಿಡಗಳ ಹಳೆಯ ಎಲೆಗಳು ಕೆಂಪು, ನೇರಳೆ ಬಣ್ಣಕ್ಕೆ ತಿರುಗಿ ಉದುರುವುದು ಚಳಿಯ ಪರಿಣಾಮ. ಅದಕ್ಕೆ ಯಾವ ಚಿಕಿತ್ಸೆಯೂ ಬೇಡ.

ಮಳೆಗಾಲದ ಚುಕ್ಕೆಗಳು

ಆರಿದ್ರಾ ಮಳೆ ಹಿಡಿದ ಮೇಲೆ ಬುಡದ ಎಲೆಗಳಲ್ಲಿ ಗುಂಡುಸೂಜಿಯ ತಲೆಯಷ್ಟು ನೇರಳೆ ಚುಕ್ಕೆಗಳು ಕಾಣಿಸಿಕೊಂಡು, ಅವು ಹಿಗ್ಗಿದಂತೆ ನಡುವೆ ಬೂದು ಅಥವಾ ತಿಳಿಗಂದು ಬಣ್ಣ, ಸುತ್ತ ನೇರಳೆ ಅಂಚು ಮೂಡುವುದು ಸರ್ಕೋಸ್ಪೊರ ಎಲೆಚುಕ್ಕೆ ರೋಗ. ಇದು ನೋಡಲು ಕೆಟ್ಟದಾಗಿ ಕಾಣುತ್ತದೆ, ಎಲೆಗಳನ್ನು ಅವಧಿಗೆ ಮುನ್ನ ಉದುರಿಸುತ್ತದೆ, ಆದರೆ ಗಿಡವನ್ನು ಕೊಲ್ಲುವುದು ತೀರ ಅಪರೂಪ. ಚಿಬ್ಬು ರೋಗದ ಕಲೆಗಳು ಇದಕ್ಕಿಂತ ದೊಡ್ಡವು, ಕಂದು ಬಣ್ಣದವು. ಗಮನವಿಟ್ಟು ನೋಡಿದರೆ ಅವುಗಳೊಳಗೆ ಒಂದರೊಳಗೊಂದು ಉಂಗುರಗಳು ಕಾಣುತ್ತವೆ, ಹೂವಿನ ಮೇಲೂ ಬರುತ್ತವೆ. ಚುಕ್ಕೆಗಳು ದುಂಡಗಿರದೆ, ನರಗಳ ನಡುವೆ ಸಿಕ್ಕಿಕೊಂಡಂತೆ ಮೂಲೆಮೂಲೆಯಾಗಿದ್ದರೆ ಅದು ದುಂಡಾಣುವಿನಿಂದ (ಬ್ಯಾಕ್ಟೀರಿಯಾ) ಬರುವ ಎಲೆಚುಕ್ಕೆ.

ಈ ಮೂರರಲ್ಲೂ ಮೊದಲ ಚಿಕಿತ್ಸೆ ಒಂದೇ. ಮಳೆ ಬಿಡುವು ಕೊಟ್ಟ, ಎಲೆ ಒಣಗಿರುವ ಹೊತ್ತಿನಲ್ಲಿ ಚುಕ್ಕೆ ಬಿದ್ದ ಕೆಳಗಿನ ಎಲೆಗಳನ್ನು ತೊಟ್ಟಿನ ಸಮೇತ ತೆಗೆದು, ನೆಲಕ್ಕೆ ಬಿದ್ದ ಎಲೆಗಳನ್ನೂ ಬಳಿದು ಮನೆಯ ಗೊಬ್ಬರದ ಗುಂಡಿಗೆ ಹಾಕದೆ ಹೂಳಬೇಕು ಅಥವಾ ಸುಡಬೇಕು. ನೀರನ್ನು ತಲೆಯ ಮೇಲಿಂದ ಹಾಕದೆ ಬುಡಕ್ಕೇ ಕೊಡಬೇಕು. ಗಿಡಗಿಡಗಳ ನಡುವೆ ಗಾಳಿಯಾಡುವಷ್ಟು ಅಂತರವಿರಬೇಕು, ಬುಡದ ಹೊದಿಕೆ ಮಣ್ಣು ಸಿಡಿಯುವುದನ್ನು ತಡೆಯಬೇಕು. ಇಷ್ಟಾದರೂ ರೋಗ ಹೊಸ ಎಲೆಗಳಿಗೆ ಏರುತ್ತಿದ್ದರೆ ಮಾತ್ರ ಮ್ಯಾಂಕೋಜೆಬ್ ಪುಡಿಯನ್ನು ಲೀಟರಿಗೆ 2 ಗ್ರಾಂನಂತೆ ಸಿಂಪಡಿಸಬಹುದು. ದುಂಡಾಣು ರೋಗಕ್ಕೆ ಮ್ಯಾಂಕೋಜೆಬ್ ನಾಟುವುದಿಲ್ಲ. ತಾಮ್ರದ ಔಷಧಿಯೇ ಬೇಕು, ಅದೂ ಹರಡುವುದನ್ನು ತಡೆಯುತ್ತದೆಯೇ ಹೊರತು ಬಂದದ್ದನ್ನು ಅಳಿಸುವುದಿಲ್ಲ.

ಅಡಿಕೆ, ಕಾಫಿ, ಮೆಣಸು ಬೆಳೆಯುವ ಮನೆಗಳಲ್ಲಿ ಮುಂಗಾರಿಗೆ ಮೊದಲು ಮೈಲುತುತ್ತ ಮತ್ತು ಸುಣ್ಣ ಬೆರೆಸಿದ ಬೋರ್ಡೋ ದ್ರಾವಣ ಹೇಗೂ ತಯಾರಾಗುತ್ತದೆ. ಅಡಿಕೆಗೆ ಬಳಸುವ ಶೇಕಡಾ 1ರ ದ್ರಾವಣವನ್ನು ಅಷ್ಟೇ ನೀರು ಬೆರೆಸಿ ತೆಳುವಾಗಿಸಿ, ಮೇ ಕೊನೆಯಲ್ಲಿ ಎಲೆಗಳಿಗೆ ಒಮ್ಮೆ ಸಿಂಪಡಿಸಿದರೆ ಚುಕ್ಕೆ ರೋಗಗಳು ಗಣನೀಯವಾಗಿ ತಗ್ಗುತ್ತವೆ. ಹೂ ಅರಳಿದ ಗೊಂಚಲುಗಳ ಮೇಲೆ ಬೀಳದಂತೆ ಎಚ್ಚರ ವಹಿಸಬೇಕು, ನೀಲಿ ಕಲೆ ಹೋಗುವುದಿಲ್ಲ.

ಬೂದಿ ರೋಗ ಮತ್ತು ರಸ ಹೀರುವ ಕೀಟಗಳು

ಬೂದಿ ರೋಗಕ್ಕೆ ಮಳೆ ಬೇಡ. ಹಗಲು ಬೆಚ್ಚಗೆ, ರಾತ್ರಿ ತಂಪಾಗಿ, ಗಾಳಿಯಲ್ಲಿ ತೇವವಿದ್ದರೆ ಸಾಕು. ಹಾಗಾಗಿ ಮಳೆ ನಿಂತ ಮೇಲೆ, ಮಂಜು ಬೀಳುವ ದಿನಗಳಲ್ಲಿ ಒತ್ತಾಗಿ ಬೆಳೆದ, ನೆರಳು ಹೆಚ್ಚಾದ ಗಿಡಗಳಲ್ಲಿ ಎಲೆಯ ಮೇಲೆ ಬಿಳಿ ಹಿಟ್ಟು ಚೆಲ್ಲಿದಂತೆ ಅದು ಕಾಣಿಸಿಕೊಳ್ಳುತ್ತದೆ. ನೀರಿನಲ್ಲಿ ಕರಗುವ ಗಂಧಕವನ್ನು ಲೀಟರಿಗೆ 2 ಗ್ರಾಂನಂತೆ ಸಂಜೆ ಸಿಂಪಡಿಸಿದರೆ ಹತೋಟಿಗೆ ಬರುತ್ತದೆ. ಉರಿ ಬಿಸಿಲಿನಲ್ಲಿ ಗಂಧಕ ಎಲೆಯನ್ನು ಸುಡುತ್ತದೆ. ಬೇವಿನೆಣ್ಣೆ ಹೊಡೆದ ಎರಡು ವಾರದೊಳಗೆ ಗಂಧಕ ಹೊಡೆದರೂ ಅದೇ ಗತಿ. ಎರಡೂ ಸಾವಯವ ಎಂಬ ನಂಬಿಕೆಯಿಂದ ಒಂದರ ಹಿಂದೆ ಒಂದನ್ನು ಬಳಸಬಾರದು.

ಕುಡಿಗಳಲ್ಲಿ ಹಸಿರು ಅಥವಾ ಕಪ್ಪು ಸಸ್ಯಹೇನುಗಳು ಮುತ್ತಿದಾಗ ಎಳೆ ಎಲೆಗಳು ಮುದುರುತ್ತವೆ, ಅವು ಸ್ರವಿಸುವ ಅಂಟಿನ ಮೇಲೆ ಕಪ್ಪು ಬೂಷ್ಟು ಬೆಳೆಯುತ್ತದೆ, ಇರುವೆಗಳು ಓಡಾಡುತ್ತವೆ. ಜೋರಾದ ನೀರಿನ ಎರಚಲೇ ಹೆಚ್ಚಿನವನ್ನು ಉದುರಿಸುತ್ತದೆ. ಉಳಿದದ್ದಕ್ಕೆ ಬೇವಿನೆಣ್ಣೆ 5 ಮಿಲಿಲೀಟರ್, ಸಾಬೂನು ದ್ರಾವಣ ಕೆಲವು ಹನಿ, ಒಂದು ಲೀಟರ್ ನೀರು. ಹಿಟ್ಟು ತಿಗಣೆಗೂ ಇದೇ ಔಷಧಿ, ಆದರೆ ಅದರ ಮೇಣದ ಹೊದಿಕೆಯನ್ನು ಮೊದಲು ಹಳೆಯ ಹಲ್ಲುಜ್ಜುವ ಬ್ರಷ್‌ನಿಂದ ಉಜ್ಜಿ ತೆಗೆಯದಿದ್ದರೆ ಔಷಧಿ ಒಳಗೆ ತಾಗುವುದಿಲ್ಲ. ಬೇಸಿಗೆಯಲ್ಲಿ ಎಲೆಯ ಮೇಲೆ ಅಸಂಖ್ಯ ಸಣ್ಣ ಮಸುಕು ಚುಕ್ಕೆಗಳು ಬಿದ್ದು ಎಲೆ ಕಂಚಿನ ಬಣ್ಣಕ್ಕೆ ತಿರುಗಿದರೆ ನುಸಿಯ ಹಾವಳಿ. ಒಣ ಹವೆ ಅದಕ್ಕೆ ಇಷ್ಟವಾದ್ದರಿಂದ, ಎಲೆಯ ಕೆಳಬದಿಯನ್ನು ಬೆಳಗಿನ ಹೊತ್ತು ಮೂರು ನಾಲ್ಕು ದಿನಕ್ಕೊಮ್ಮೆ ನೀರಿನಿಂದ ತೊಳೆಯುವುದರಿಂದಲೇ ಅದು ತಗ್ಗುತ್ತದೆ.

ಕೊಡಗಿನ ಕೆಲವು ಭಾಗಗಳಲ್ಲಿ, ಅದರಲ್ಲೂ ಶನಿವಾರಸಂತೆಯ ಸುತ್ತಮುತ್ತ ಕಾಫಿ ತೋಟಗಳನ್ನು ಕಾಡಿದ ಆಫ್ರಿಕನ್ ದೈತ್ಯ ಬಸವನಹುಳುವಿಗೆ ಹೈಡ್ರೇಂಜಿಯದ ಮೆದು ಎಲೆಯೂ ಆಹಾರವಾಗಬಲ್ಲದು. ರಾತ್ರಿ ಎಲೆಯಲ್ಲಿ ದೊಡ್ಡ ತೂತುಗಳಾಗಿ ಬೆಳಿಗ್ಗೆ ಅಂಟಿನ ಹೊಳೆಯುವ ಜಾಡು ಕಂಡರೆ ಬಸವನಹುಳುವಿನದೇ ಕೆಲಸ. ಒದ್ದೆ ಗೋಣಿಚೀಲದ ಕೆಳಗೆ ಪಪ್ಪಾಯಿ ಎಲೆಯನ್ನೋ ಎಲೆಕೋಸಿನ ಸಿಪ್ಪೆಯನ್ನೋ ಇಟ್ಟರೆ ಅವು ಅಲ್ಲಿಗೆ ಬಂದು ಸೇರುತ್ತವೆ. ಬೆಳಿಗ್ಗೆ ಕೈಗವಸು ಹಾಕಿಕೊಂಡು ಹೆಕ್ಕಿ ಉಪ್ಪುನೀರಿಗೆ ಹಾಕಬಹುದು. ಮೆಟಾಲ್ಡಿಹೈಡ್ ಗುಳಿಗೆಗಳು ನಾಯಿಗಳಿಗೆ ಮಾರಕವಾದ್ದರಿಂದ ಮನೆಯಂಗಳದಲ್ಲಿ ಅವನ್ನು ಬಳಸುವುದು ಸರಿಯಲ್ಲ ಎಂಬುದು ನನ್ನ ದೃಢವಾದ ಅಭಿಪ್ರಾಯ.

ಹೂವೇ ಬಾರದಿದ್ದರೆ

ಗಿಡ ಸೊಂಪಾಗಿದೆ, ಎಲೆ ಹಸಿರಾಗಿದೆ, ಹೂ ಮಾತ್ರ ಇಲ್ಲ ಎಂಬುದು ಎಲ್ಲಕ್ಕಿಂತ ಹೆಚ್ಚು ಕೇಳಿಬರುವ ದೂರು. ಇದರ ಉತ್ತರ ಹೂ ಬಿಡುವ ಕಾಲದಲ್ಲಿಲ್ಲ, ಅದಕ್ಕೆ ಆರು ತಿಂಗಳು ಹಿಂದೆ ಇದೆ. ಮ್ಯಾಕ್ರೋಫಿಲ್ಲಾ ಜಾತಿಯ ಹೆಚ್ಚಿನ ತಳಿಗಳು ಹಿಂದಿನ ವರ್ಷ ಬೆಳೆದ ಕಾಂಡದ ತುದಿಯಲ್ಲಿ ಹೂಮೊಗ್ಗನ್ನು ಕಟ್ಟಿಕೊಂಡು, ಚಳಿಗಾಲವನ್ನು ಕಳೆದು, ಬೇಸಿಗೆಯಲ್ಲಿ ಅದನ್ನು ಅರಳಿಸುತ್ತವೆ. ನಮ್ಮಲ್ಲಿ ಮೊಗ್ಗು ರೂಪುಗೊಳ್ಳುವುದು ಸ್ಥೂಲವಾಗಿ ಕಾರ್ತೀಕದಿಂದ ಪುಷ್ಯ ಮಾಸದವರೆಗಿನ ತಂಪು ರಾತ್ರಿಗಳಲ್ಲಿ. ಸಂಕ್ರಾಂತಿಯ ಹೊತ್ತಿಗೆ ಗಿಡವನ್ನು ಸ್ವಚ್ಛ ಮಾಡುವ ಉತ್ಸಾಹದಲ್ಲಿ ತುದಿಗಳನ್ನು ಕತ್ತರಿಸಿದರೆ ಆ ವರ್ಷದ ಹೂವನ್ನೇ ಕತ್ತರಿಸಿದಂತಾಗುತ್ತದೆ. ಗುಲಾಬಿ, ದಾಸವಾಳವನ್ನು ಸವರುವ ಕೈ ಹೈಡ್ರೇಂಜಿಯವನ್ನೂ ಅದೇ ದಿನ ಸವರಿಬಿಡುವುದರಿಂದ ಆಗುವ ನಷ್ಟವೇ ಹೆಚ್ಚು.

ಸವರಲು ಸರಿಯಾದ ಸಮಯ ಹೂ ಮುಗಿದ ಕೂಡಲೇ, ಅಂದರೆ ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್‌ವರೆಗೆ. ಒಣಗಿದ ಗೊಂಚಲಿನ ಕೆಳಗೆ, ಮೊದಲ ಬಲವಾದ ಜೋಡಿ ಮೊಗ್ಗಿನ ಮೇಲೆ ಕತ್ತರಿಸಿದರೆ ಸಾಕು. ಅದಲ್ಲದೆ ಹಳತಾಗಿ ಸಿಪ್ಪೆ ಸುಲಿಯುತ್ತಿರುವ ಒಂದೆರಡು ಕಾಂಡಗಳನ್ನು ನೆಲಮಟ್ಟದಲ್ಲಿ ತೆಗೆದರೆ ಬುಡದಿಂದ ಹೊಸ ಕಾಂಡ ಬರುತ್ತದೆ. ಯಾವ ಕಾಂಡ ಸತ್ತಿದೆ ಎಂದು ಅನುಮಾನವಾದರೆ ಉಗುರಿನಿಂದ ತೊಗಟೆಯನ್ನು ಕೆರೆದು ನೋಡಬೇಕು. ಒಳಗೆ ಹಸಿರಿದ್ದರೆ ಬಿಡಬೇಕು, ಕಂದಾಗಿದ್ದರೆ ತೆಗೆಯಬೇಕು. ಜನವರಿಯಲ್ಲಿ ತುದಿಯ ಮೊಗ್ಗು ದಪ್ಪಗೆ, ಉಬ್ಬಿದಂತಿದ್ದರೆ ಅದು ಹೂಮೊಗ್ಗು. ಚೂಪಾಗಿ ತೆಳ್ಳಗಿದ್ದರೆ ಬರಿಯ ಎಲೆ.

ಎರಡನೆಯ ಕಾರಣ ರಾತ್ರಿಯ ಸೆಕೆ. ಮೊಗ್ಗು ಕಟ್ಟಲು ಆರು ವಾರಗಳಷ್ಟು ಕಾಲ ರಾತ್ರಿಯ ಉಷ್ಣತೆ ಸುಮಾರು 18 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿರಬೇಕು. ಮಡಿಕೇರಿಯಲ್ಲಿ ಇದು ತಾನಾಗಿಯೇ ಸಿಗುತ್ತದೆ. ಬೆಂಗಳೂರಿನಲ್ಲಿ ಡಿಸೆಂಬರ್, ಜನವರಿಯ ರಾತ್ರಿಗಳು ಅಷ್ಟು ತಂಪಾಗುತ್ತವಾದರೂ, ಬಿಸಿಲು ಕುಡಿದ ಗೋಡೆ ಮತ್ತು ಕಾಂಕ್ರೀಟ್ ನೆಲ ರಾತ್ರಿಯಿಡೀ ಕಾವು ಬಿಡುವ ಬಾಲ್ಕನಿಗಳಲ್ಲಿ ಗಿಡಕ್ಕೆ ಆ ತಂಪು ತಲುಪುವುದಿಲ್ಲ. ಅಕ್ಟೋಬರ್‌ನಿಂದ ಕುಂಡವನ್ನು ಗೋಡೆಯಿಂದ ದೂರ, ಆಕಾಶ ಕಾಣುವ ಜಾಗಕ್ಕೆ, ಸಾಧ್ಯವಾದರೆ ಮಣ್ಣಿನ ನೆಲಕ್ಕೆ ಇಳಿಸಿ, ಆ ಅವಧಿಯಲ್ಲಿ ಸಾರಜನಕ ಗೊಬ್ಬರವನ್ನು ನಿಲ್ಲಿಸಿದರೆ ಹೂ ಬರುವ ಸಾಧ್ಯತೆ ಹೆಚ್ಚುತ್ತದೆ. ಮಂಗಳೂರು, ಉಡುಪಿಯಲ್ಲಿ ಜನವರಿಯ ರಾತ್ರಿಯೂ ಸರಾಸರಿ 20 ಡಿಗ್ರಿಯ ಆಸುಪಾಸಿನಲ್ಲಿರುವುದರಿಂದ ಈ ಗಿಡದಿಂದ ವರ್ಷವರ್ಷವೂ ಹೂ ನಿರೀಕ್ಷಿಸುವುದು ಕಷ್ಟ. ಕರಾವಳಿಯವರಿಗೆ ನಾನು ಇದನ್ನು ಶಿಫಾರಸು ಮಾಡುವುದಿಲ್ಲ. ಊಟಿಯಲ್ಲಿ ತೊಂದರೆ ತಿರುಗುಮುರುಗು: ಡಿಸೆಂಬರ್, ಜನವರಿಯ ಹಿಮ ಕಟ್ಟಿದ ಮೊಗ್ಗನ್ನೇ ಸುಡಬಲ್ಲದು, ರಾತ್ರಿ ಹಳೆಯ ಬಟ್ಟೆ ಅಥವಾ ಗೋಣಿಯ ಹೊದಿಕೆ ಬೇಕಾಗುತ್ತದೆ.

2004ರಲ್ಲಿ ಮಾರುಕಟ್ಟೆಗೆ ಬಂದ ಎಂಡ್‌ಲೆಸ್ ಸಮ್ಮರ್‌ನಂಥ ತಳಿಗಳು ಹೊಸ ಕಾಂಡದಲ್ಲೂ ಹೂ ಬಿಡುತ್ತವೆ. ಅಂಥವು ಸಿಕ್ಕರೆ ತಪ್ಪು ಸವರಿಕೆಯನ್ನು ಸ್ವಲ್ಪಮಟ್ಟಿಗೆ ಕ್ಷಮಿಸುತ್ತವೆ. ದಟ್ಟ ನೆರಳು ಮತ್ತು ಅತಿಯಾದ ಯೂರಿಯಾ ಯಾವ ತಳಿಯಲ್ಲಾದರೂ ಎಲೆಯನ್ನು ಬೆಳೆಸಿ ಹೂವನ್ನು ಕಳೆಯುತ್ತವೆ.

ಬಯಸಿದ ಬಣ್ಣ ಬಾರದಿದ್ದರೆ

ತಂದಾಗ ನೀಲಿಯಾಗಿದ್ದ ಹೂ ಮರುವರ್ಷ ಗುಲಾಬಿಯಾಗುವುದು ರೋಗವಲ್ಲ. ನಾವು ದಳಗಳೆಂದು ತಿಳಿಯುವ ಬಣ್ಣದ ಭಾಗಗಳು ನಿಜವಾಗಿ ಪುಷ್ಪಪತ್ರಗಳು (ಹೂವಿನ ಹೊರಸುತ್ತಿನ ಎಲೆಗಳು), ಅವುಗಳಲ್ಲಿರುವ ವರ್ಣದ್ರವ್ಯ ಅಲ್ಯೂಮಿನಿಯಂ ಜೊತೆ ಸೇರಿದಾಗ ನೀಲಿ, ಸೇರದಿದ್ದಾಗ ಗುಲಾಬಿ. ಮಣ್ಣಿನ ರಸಸಾರ 5.5 ಅಥವಾ ಅದಕ್ಕಿಂತ ಕಡಿಮೆಯಿದ್ದರೆ ಅಲ್ಯೂಮಿನಿಯಂ ಕರಗಿ ಬೇರಿಗೆ ದೊರೆಯುತ್ತದೆ, 6.5ರ ಮೇಲೆ ದೊರೆಯುವುದಿಲ್ಲ, ನಡುವೆ ನೇರಳೆ. ಮಲೆನಾಡಿನ ಹುಳಿ ಮಣ್ಣಿನಲ್ಲಿ ಅಲ್ಯೂಮಿನಿಯಂ ಯಥೇಚ್ಛವಾಗಿರುವುದರಿಂದ ಅಲ್ಲಿನ ಗಿಡಗಳು ಯಾರೂ ಏನೂ ಮಾಡದೆಯೇ ನೀಲಿ. ಅದೇ ಅಂಗಳದಲ್ಲಿ ಸಿಮೆಂಟಿನ ಕಟ್ಟೆಗೆ ಅಂಟಿಕೊಂಡಿರುವ ಪೊದೆಯನ್ನು ಗಮನಿಸಿದರೆ, ಕಟ್ಟೆಯ ಕಡೆಯ ಗೊಂಚಲುಗಳು ಗುಲಾಬಿಗೆ ತಿರುಗಿ ಅಂಗಳದ ಕಡೆಯವು ನೀಲಿಯಾಗಿಯೇ ಉಳಿದಿರುವುದನ್ನು ನೋಡಬಹುದು. ಗೋಡೆಯಿಂದ ಸುಣ್ಣದಂಶ ಇಳಿದು ಆ ಬದಿಯ ಬೇರಿಗೆ ಸೇರುತ್ತಿರುತ್ತದೆ. ಕಾಫಿ ತೋಟಕ್ಕೆ ಕೃಷಿ ಸುಣ್ಣ ಹಾಕುವಾಗ ಅಂಗಳದ ಗಿಡಕ್ಕೂ ಬಿದ್ದರೆ ಆಗುವುದೂ ಅದೇ.

ಕುಂಡದಲ್ಲಿ ನೀಲಿ ಬೇಕೆನ್ನುವವರು ಅಲ್ಯೂಮಿನಿಯಂ ಸಲ್ಫೇಟನ್ನು ಲೀಟರಿಗೆ 4 ಗ್ರಾಂನಂತೆ ಕರಗಿಸಿ, ಮೊದಲು ಬರಿಯ ನೀರು ಕೊಟ್ಟು ಮಣ್ಣನ್ನು ನೆನೆಸಿದ ಮೇಲೆ ಬುಡಕ್ಕೆ ಹಾಕಬೇಕು. ಫೆಬ್ರವರಿಯಿಂದ, ಅಂದರೆ ಹೂವಿಗೆ ಬಣ್ಣ ಬರುವ ಮೊದಲೇ, ಎರಡು ಮೂರು ವಾರಕ್ಕೊಮ್ಮೆ ನಾಲ್ಕೈದು ಸಲ ಕೊಡಬೇಕಾಗುತ್ತದೆ. ಗ್ರಂಥಿಗೆ ಅಂಗಡಿಯ ಪಟಿಕದಲ್ಲೂ ಅಲ್ಯೂಮಿನಿಯಂ ಇರುವುದರಿಂದ ಅದನ್ನು ಪುಡಿಮಾಡಿ ಇದೇ ಪ್ರಮಾಣದಲ್ಲಿ ಬಳಸಬಹುದು. ಅಳತೆ ಮೀರಿದರೆ ಬೇರು ಸುಡುತ್ತದೆ. ಬರಿಯ ತೆಂಗಿನ ನಾರಿನ ಪುಡಿಯಲ್ಲಿ ನೆಟ್ಟ ಗಿಡಕ್ಕೆ ಮಣ್ಣಿನಿಂದ ಸಿಗಬೇಕಾದ ಅಲ್ಯೂಮಿನಿಯಂ ಇರುವುದೇ ಇಲ್ಲ, ಆದ್ದರಿಂದ ಹುಳಿ ಮಾಡಿದ ಮಾತ್ರಕ್ಕೆ ಅದು ನೀಲಿಯಾಗದು. ಮೂಳೆಪುಡಿ, ಡಿಎಪಿಯಲ್ಲಿರುವ ರಂಜಕ ಅಲ್ಯೂಮಿನಿಯಂ ಅನ್ನು ಹಿಡಿದಿಟ್ಟುಕೊಳ್ಳುವುದರಿಂದ ನೀಲಿ ಬಯಸುವವರು ಅವನ್ನು ದೂರವಿಡಬೇಕು. ತುಕ್ಕು ಹಿಡಿದ ಮೊಳೆಯನ್ನು ಬುಡದಲ್ಲಿ ಹೂಳುವ ಸಲಹೆಯಿಂದ ಪ್ರಯೋಜನವಿಲ್ಲ, ಅದರಲ್ಲಿರುವುದು ಕಬ್ಬಿಣ. ಬಿಳಿ ಹೂವಿನ ತಳಿಗಳಿಗೆ ಇವಾವುದೂ ಅನ್ವಯಿಸುವುದಿಲ್ಲ.

ಹೂ ಕಂದಾಗುವುದು, ಹಸಿರಾಗುವುದು, ಬಾಗುವುದು

ಮೋಡ ಮುಸುಕಿ ದಿನಗಟ್ಟಲೆ ಜಡಿಮಳೆ ಹಿಡಿದಾಗ ಗೊಂಚಲಿನ ಒಳಭಾಗದಲ್ಲಿ ನೀರು ನಿಂತು, ಕಂದು ಕಲೆಗಳು ಬಿದ್ದು, ಅವುಗಳ ಮೇಲೆ ಬೂದು ಬಣ್ಣದ ನವಿರಾದ ಬೂಷ್ಟು ಬೆಳೆದರೆ ಅದು ಬೊಟ್ರೈಟಿಸ್ ಎಂಬ ಶಿಲೀಂಧ್ರ. ಅಂಥ ಗೊಂಚಲನ್ನು ಉಳಿಸುವ ಪ್ರಯತ್ನ ಬೇಡ. ಕತ್ತರಿಸಿ ಚೀಲದೊಳಗೆ ಹಾಕಿ ಹೊರಗೆ ಸಾಗಿಸಬೇಕು, ಇಲ್ಲವಾದರೆ ಬೀಜಕಣಗಳು ಪಕ್ಕದ ಹೂವಿಗೆ ಹಾರುತ್ತವೆ. ಕುಂಡದ ಗಿಡವಾದರೆ ಸೂರಿನಡಿಗೆ ಸರಿಸುವುದೇ ಉತ್ತಮ ಚಿಕಿತ್ಸೆ. ಮಳೆಯ ಭಾರಕ್ಕೆ ಬಾಗಿದ ಗೊಂಚಲುಗಳಿಗೆ ಬಿದಿರಿನ ಕಡ್ಡಿಯ ಊರೆ ಕೊಟ್ಟು ಬಾಳೆ ನಾರಿನಿಂದ ಸಡಿಲವಾಗಿ ಕಟ್ಟಬಹುದು.

ಅರಳಿ ಕೆಲವು ವಾರ ಕಳೆದ ಹೂ ನಿಧಾನವಾಗಿ ಹಸಿರಿಗೆ ತಿರುಗುವುದು ವಯಸ್ಸಿನ ಸಹಜ ಬದಲಾವಣೆ. ಆದರೆ ಮೊಗ್ಗಿನಿಂದಲೇ ಹೂಗಳು ಹಸಿರಾಗಿ, ವಿಕಾರವಾಗಿ, ಗೊಂಚಲಿನ ನಡುವಿನಿಂದ ಸಣ್ಣ ಎಲೆಗಳು ಹೊರಡುತ್ತಿದ್ದರೆ ಅದು ಫೈಟೋಪ್ಲಾಸ್ಮ ಎಂಬ ಸೂಕ್ಷ್ಮಜೀವಿಯ ಸೋಂಕು. ಎಲೆಯ ಮೇಲೆ ಮಸುಕಾದ ಉಂಗುರಗಳು, ಸುಕ್ಕು, ಕುಂಠಿತ ಬೆಳವಣಿಗೆ ಒಟ್ಟಿಗೆ ಕಂಡರೆ ಉಂಗುರ ಚುಕ್ಕೆ ನಂಜು (ವೈರಸ್) ರೋಗವನ್ನು ಅನುಮಾನಿಸಬೇಕು. ಎರಡಕ್ಕೂ ಮದ್ದಿಲ್ಲ. ಗಿಡವನ್ನು ಬೇರುಸಹಿತ ಕಿತ್ತು ನಾಶಮಾಡುವುದು ಕಷ್ಟದ ನಿರ್ಧಾರವಾದರೂ ಉಳಿದ ಗಿಡಗಳ ಹಿತದೃಷ್ಟಿಯಿಂದ ಅನಿವಾರ್ಯ. ನಂಜು ರೋಗ ಕತ್ತರಿಯ ಅಲಗಿಗೆ ಅಂಟಿದ ರಸದಿಂದಲೇ ಹರಡುವುದರಿಂದ, ಒಂದು ಗಿಡವನ್ನು ಸವರಿ ಇನ್ನೊಂದಕ್ಕೆ ಹೋಗುವ ಮೊದಲು ಕತ್ತರಿಯನ್ನು ಸಾಬೂನು ನೀರಿನಿಂದ ಚೆನ್ನಾಗಿ ಉಜ್ಜಿ ತೊಳೆಯಬೇಕು.

ಬೇರು ಕೊಳೆತಾಗ

ತೇವದ ಮಣ್ಣಿನಲ್ಲೂ ಬಾಡಿಯೇ ಇರುವ ಗಿಡವನ್ನು ಕುಂಡದಿಂದ ಹೊರತೆಗೆದು ಬೇರನ್ನು ನೋಡದೆ ಬೇರೆ ದಾರಿಯಿಲ್ಲ. ಆರೋಗ್ಯವಂತ ಬೇರು ಬೆಳ್ಳಗೆ, ಗಟ್ಟಿಯಾಗಿರುತ್ತದೆ. ಕೊಳೆತ ಬೇರು ಕಪ್ಪಾಗಿ, ಹುಳಿತ ವಾಸನೆ ಬರುತ್ತ, ಎರಡು ಬೆರಳಿನಿಂದ ಎಳೆದರೆ ಮೇಲಿನ ಸಿಪ್ಪೆ ಕಳಚಿ ಒಳಗಿನ ನೂಲಿನಂಥ ಎಳೆ ಮಾತ್ರ ಕೈಯಲ್ಲಿ ಉಳಿಯುತ್ತದೆ. ಅರ್ಧಕ್ಕಿಂತ ಹೆಚ್ಚು ಬೇರು ಬೆಳ್ಳಗಿದ್ದರೆ ಕೊಳೆತದ್ದನ್ನು ಕತ್ತರಿಸಿ, ಎಲೆಗಳನ್ನೂ ಮೂರನೇ ಒಂದು ಭಾಗದಷ್ಟು ಕಡಿಮೆ ಮಾಡಿ, ಕೆಮ್ಮಣ್ಣು, ಎರೆಗೊಬ್ಬರ, ತೆಂಗಿನ ನಾರಿನ ಪುಡಿ ಮತ್ತು ದಪ್ಪ ಮರಳು ಬೆರೆಸಿದ ಹೊಸ ಮಿಶ್ರಣದಲ್ಲಿ, ತಳದಲ್ಲಿ ಸಾಕಷ್ಟು ತೂತುಗಳಿರುವ ಕುಂಡದಲ್ಲಿ ನೆಟ್ಟು ನೆರಳಿನಲ್ಲಿಡಬೇಕು. ಕುಂಡದ ಕೆಳಗಿನ ತಟ್ಟೆಯಲ್ಲಿ ನೀರು ನಿಲ್ಲಲು ಬಿಡಬಾರದು. ನೆಲದ ಗಿಡವಾದರೆ ಮಳೆಗಾಲಕ್ಕೆ ಮೊದಲು ಬುಡವನ್ನು ಏರಿಸಿ, ನೀರು ಹರಿದುಹೋಗಲು ಸುತ್ತ ಸಣ್ಣ ಕಾಲುವೆ ತೆಗೆಯಬೇಕು.

ಬೇರು ಪೂರ್ತಿ ಹೋಗಿದ್ದರೂ ಮೇಲಿನ ಕಾಂಡಗಳು ಹಸಿರಾಗಿದ್ದರೆ ಗಿಡವನ್ನು ಕಡ್ಡಿಯಿಂದ ಉಳಿಸಿಕೊಳ್ಳಬಹುದು. ಹೂ ಬಿಡದ ಕಾಂಡದಿಂದ ನಾಲ್ಕೈದು ಅಂಗುಲ ಉದ್ದದ ತುಂಡುಗಳನ್ನು ಗಿಣ್ಣಿನ ಕೆಳಗೆ ಕತ್ತರಿಸಿ, ಕೆಳಗಿನ ಜೋಡಿ ಎಲೆಗಳನ್ನು ತೆಗೆದು, ಮೇಲಿನ ದೊಡ್ಡ ಎಲೆಗಳನ್ನು ಅರ್ಧಕ್ಕೆ ಕತ್ತರಿಸಿ, ಮರಳು ಮತ್ತು ನಾರಿನ ಪುಡಿಯ ಸಮಪಾಲಿನಲ್ಲಿ ಒಂದು ಗಿಣ್ಣು ಹೂತುಹೋಗುವಂತೆ ನೆಡಬೇಕು. ಜೂನ್, ಜುಲೈ ತಿಂಗಳ ತೇವದ ಹವೆಯಲ್ಲಿ ಮೂರು ನಾಲ್ಕು ವಾರಗಳಲ್ಲಿ ಬೇರು ಬರುತ್ತದೆ. ಬೇಸಿಗೆಯಲ್ಲಿ ಮಾಡಬೇಕಾಗಿ ಬಂದರೆ ಮೇಲೆ ಪಾರದರ್ಶಕ ಪ್ಲಾಸ್ಟಿಕ್ ಚೀಲವನ್ನು ಮುಚ್ಚಿ ನೆರಳಿನಲ್ಲಿಡಬೇಕು. ಕಡ್ಡಿಯನ್ನು ಮೆಲ್ಲನೆ ಎಳೆದಾಗ ಅದು ಬಿಗಿಹಿಡಿದಂತೆನಿಸಿದರೆ ಬೇರು ಬಂದಿದೆ ಎಂದರ್ಥ, ಅನಂತರ ಸಣ್ಣ ಕುಂಡಕ್ಕೆ ಬದಲಿಸಬಹುದು.